ಕೈಬಂಡೆಯ ಮೇಲೆ ಅವ್ವನ ಕೈ

ಸಾವಿರದ ಒಂಬೈನೂರ ಇಪ್ಪತ್ತರ ದಶಕದಲ್ಲಿ ನಾನು ಬೆಳಗಾವಿಯ ಶಾಲೆಯೊಂದರಲ್ಲಿ ಡ್ರಾಯಿಂಗ್ ಮಾಸ್ತರನಾಗಿದ್ದೆ. ಮದುವೆಯಾದ ಹೊಸತರಲ್ಲಿ ಒಂದು ಮಾಸಪತ್ರಿಕೆಯಲ್ಲಿ ಫ್ರಾನ್ಸ್ ದೇಶದ ಗವಿಯ ಚಿತ್ರ ಕಂಡೆ. ಕಲ್ಲಿನ ಮೇಲೆ ಕೆಂಪು ಕೈಗುರುತುಗಳು. ಮನುಷ್ಯ ಬರೆದ ಮೊದಮೊದಲ ಚಿತ್ರಗಳು ಇವೇ ಇರಬಹುದು ಎಂದು ಕೆಳಗೆ ಬರೆದಿತ್ತು. ನನ್ನ ತಲೆ ಕೆಟ್ಟುಹೋಯಿತು. ಅಂಥವೇ ಕೈಗಳು ನಮ್ಮ ಖಾನಾಪುರದ ಕಾಡಿನ ಕೈಬಂಡೆಯ ಮೇಲಿವೆ ಎಂದು ಕೇಳಿಯೇ ಬೆಳೆದವನು ನಾನು. ಅವನ್ನು ಒತ್ತಿದವರು ನಮ್ಮ ಬಳಗದ ಸೊಸೆಯಂದಿರು.

ಹೊಸ ಸೊಸೆ ಅಂಗೈಗೆ ಕೆಮ್ಮಣ್ಣು ಬಳಿದುಕೊಂಡು ಬಂಡೆಗೆ ಒತ್ತಬೇಕು, ಅದೂ ತನ್ನ ಅತ್ತೆಯ ಕೈಗುರುತಿನ ಮೇಲೆಯೇ. ಗಂಡಸು ಅಲ್ಲಿಗೆ ಹೋಗುವುದು ಮದುವೆಯಾದ ಮೇಲೆ, ಹೆಂಡತಿಯ ಜೊತೆಗೆ. ನಾನು ತೊಟ್ಟಿಲಲ್ಲಿದ್ದಾಗಲೇ ಅವ್ವ ತೀರಿಕೊಂಡಿದ್ದಳು. ಅವಳದೊಂದು ಫೋಟೊ ಕೂಡ ಇರಲಿಲ್ಲ. ಹೆಂಡತಿಯ ಕೈ ಬೀಳುವ ಮೊದಲು ಅವ್ವನ ಕೈಯನ್ನು ಕಣ್ತುಂಬ ನೋಡಬೇಕು, ಅದರ ಅಂಚನ್ನು ಕಾಗದದಲ್ಲಿ ಬರೆದುಕೊಳ್ಳಬೇಕು ಎಂಬುದೊಂದೇ ನನ್ನ ಆಸೆ.

ರೈಲಿನಲ್ಲಿ ಖಾನಾಪುರಕ್ಕೆ ಹೋದೆವು. ನನ್ನನ್ನು ಸಾಕಿದ ದೊಡ್ಡವ್ವ ಕೆಮ್ಮಣ್ಣು ಕಲಸಿಕೊಂಡು ಕಾಡಿಗೆ ಜೊತೆಗೆ ಬಂದಳು. ಅವಳು ಅವ್ವನ ಅಕ್ಕ, ನಮ್ಮ ಬಳಗದ ಇನ್ನೊಂದು ಮನೆಗೇ ಸೊಸೆಯಾಗಿ ಬಂದವಳು.

ಬಂಡೆಯ ತುಂಬ ಕೈಯ ಮೇಲೆ ಕೈ. ಯಾರಿಗೂ ಎಟುಕದಷ್ಟು ಮೇಲೆಯೂ ಮಾಸಿದ ಕೈಗಳಿದ್ದವು.

"ಅವು ಯಾರವು ದೊಡ್ಡವ್ವಾ?"

"ಯಾರಿಗೊತ್ತಪಾ. ನಾ ಬಂದಾಗನೂ ಹಿಂಗ ಇದ್ದೂ."

ನಮ್ಮ ಮುತ್ತಜ್ಜಿಯರವೋ, ಪತ್ರಿಕೆಯಲ್ಲಿ ಕಂಡ ಆ ಗವಿಯ ಕಾಲದವರವೋ, ಒಂದೂ ಬಗೆಹರಿಯಲಿಲ್ಲ. ದೊಡ್ಡವ್ವ ಕಣ್ಣು ಕಿರಿದು ಮಾಡಿ ಒಂದು ಕೈ ತೋರಿಸಿದಳು.

"ಇದ ನೋಡು, ನಿಮ್ಮವ್ವಂದು."

ನಾನು ಕಾಗದ ಬಿಚ್ಚುವಷ್ಟರಲ್ಲಿ ಅವಳೇ ತಡೆದಳು. "ತಡಿ, ಇದು ನಂದ ಇರಬೇಕು. ಆಕೀದು ಆ ಬಾಜೂದು. ಖರೇ ಅಂದ್ರ ನನಗ ತಿಳೀವಲ್ದಪಾ. ಅಕ್ಕತಂಗೇರು, ಇಬ್ಬರ ಕೈನೂ ಒಂದ ಅಳತಿ ಇದ್ದೂ." ಸೆರಗಿನಿಂದ ಕಣ್ಣೊರೆಸಿಕೊಂಡಳು.

ಮಕ್ಕಳಿಗೆ ಕೈಯ ಚಿತ್ರ ಬರೆಯಲು ಕಲಿಸುವ ನಾನು ಹೆತ್ತವಳ ಕೈ ಯಾವುದೆಂದು ತಿಳಿಯದೆ ಬೆಪ್ಪನಂತೆ ನಿಂತೆ. ಸಿಟ್ಟು ಬಂತು, ಯಾರ ಮೇಲೆಂದು ಗೊತ್ತಾಗಲಿಲ್ಲ.

"ಮಣ್ಣು ಒಣಗಾಕತ್ತೈತ್ರೀ. ಯಾವುದರ ಮ್ಯಾಲ ಇಡ್ಲಿ?" ಹೆಂಡತಿ ಕೇಳಿದಳು.

"ಗೊತ್ತಿಲ್ಲ," ಅಂದೆ.

ಅವಳು ಎರಡನ್ನೂ ನೋಡಿದಳು. ಬಾಜುವಿನ ಕೈಯ ಮೇಲೆ ಅಂಗೈ ಇಟ್ಟು ಒತ್ತಿಬಿಟ್ಟಳು.

"ಅತ್ತ್ಯಾರದ ಐತ್ರೀ ಇದು," ಅಂದಳು ಮೆಲ್ಲಗೆ. "ಬೆರಳಿಗೆ ಬೆರಳು ಸರಿ ಕುಂತಾವ."

ಅಡಿಯಲ್ಲಿ ಹೋದ ಕೈ ಯಾರದೆಂದು ಇವತ್ತಿಗೂ ನನಗೆ ತಿಳಿಯದು. ಆಗ ಅದರ ಮೇಲೆ ಹೆಂಡತಿಯ ಕೈಗುರುತು ಮಾತ್ರ ಹಸಿಹಸಿಯಾಗಿ ಕಾಣುತ್ತಿತ್ತು. ಕಾಗದ ಬಿಚ್ಚಿ ಅದರ ಅಂಚನ್ನೇ ಬರೆದುಕೊಂಡೆ.