ಅತ್ತೆ-ಸೊಸೆಯೇ ಉತ್ತಮ ಜೋಡಿ

ಗೆಳೆಯರೇ, ಇವತ್ತು ಕುಮಟಾದಲ್ಲಿ ನಾನೂ ಗಿರಿಜಕ್ಕನೂ ಗೆದ್ದೆವು! ನಮ್ಮೂರ ಕೇಬಲ್ ಚಾನೆಲ್ಲಿನ ಧಾರಾವಾಹಿಯಲ್ಲಿ ಅವರು ಅತ್ತೆ, ನಾನು ಸೊಸೆ. ಬ್ರಿಟನ್ನಿನ ಧಾರಾವಾಹಿಗಳಿಗೆ ಕೊಡುವ ಹಾಗೆ ಈ ವರ್ಷ ಇಲ್ಲಿಯೂ ತೆರೆಯ ಮೇಲಿನ ಉತ್ತಮ ಜೋಡಿಗೆ ಪ್ರಶಸ್ತಿ ಇಟ್ಟಿದ್ದರು. ಪ್ರೇಕ್ಷಕರ ಎಸ್ಸೆಮ್ಮೆಸ್ ಹೆಚ್ಚು ಬಂದದ್ದು ನಮಗೇ.

ವೇದಿಕೆ ಹತ್ತಿದರೆ, ಫಲಕ ಹಿಡಿದಿದ್ದ ಮುಖ್ಯ ಅತಿಥಿ ತಕರಾರು ತೆಗೆದರು.

"ಜೋಡಿ ಅಂದ್ರೆ ಗಂಡ-ಹೆಂಡ್ತಿ ಅಲ್ದಾ? ಜಗಳಾಡೋ ಅತ್ತೆ-ಸೊಸೆ ಎಂತ ಜೋಡಿ?"

ಹಾಗೆಂದವರೇ ಫಲಕವನ್ನು ಪಕ್ಕದಲ್ಲಿದ್ದ ಇನ್ನೊಂದು ಧಾರಾವಾಹಿಯ ನಾಯಕ-ನಾಯಕಿಯತ್ತ ಚಾಚಿದರು. ನನಗೆ ಅಳುವೇ ಬಂತು. ಗಿರಿಜಕ್ಕ ಮಾತ್ರ ಮೈಕು ಎಳೆದುಕೊಂಡರು.

"ಸರ್, ಅವರಿಬ್ರೂ ಬರೀ ಕಣ್ಣು ಕಣ್ಣು ನೋಡ್ತಾರೆ. ನಾವು ದಿನಾ ಒಂದೇ ಒಲೆ ಮುಂದೆ ನಿಂತ್ಕಂಡು ಜಗಳಾಡಿ, ಒಟ್ಟಿಗೇ ಉಣ್ತೇವೆ. ಹಂಗಾರೆ ಜೋಡಿ ಯಾರು?"

ಸಭೆಯ ಹೆಂಗಸರೆಲ್ಲ ಎದ್ದು ನಿಂತು ಚಪ್ಪಾಳೆ ತಟ್ಟಿದರು. ಮುಂದಿನ ಸಾಲಿನಿಂದ ಅತಿಥಿಯ ಹೆಂಡತಿಯೇ ಕೂಗಿದರು: "ಸುಮ್ನೆ ಅವ್ರಿಗೇ ಕೊಡಿ, ಆತಾ?"

"ಆತು, ಆತು" ಎನ್ನುತ್ತ ಅತಿಥಿ ಫಲಕವನ್ನು ನಮ್ಮ ಕೈಗಿತ್ತರು. ಶಿಳ್ಳೆಯೋ ಶಿಳ್ಳೆ!

ಫಲಕ ಯಾರ ಮನೆಯಲ್ಲಿರಬೇಕೆಂದು ಬಸ್ಸಿನಲ್ಲಿ ಹೊನ್ನಾವರದವರೆಗೂ ನಾವಿಬ್ಬರು ಜಗಳಾಡಿದೆವು. ಕ್ಯಾಮೆರಾ ಇರಲಿಲ್ಲ, ಅಷ್ಟೆ.