ನಾಲ್ಕು ಬಕೆಟ್ ನೀರು

ನಮ್ಮ ಯಜಮಾನರು ಹನುಮಯ್ಯನವರು ಉತ್ತರಹಳ್ಳಿಯಲ್ಲೇ ಹುಟ್ಟಿ ಬೆಳೆದವರು. ಮೂವತ್ತೊಂದು ವರ್ಷ ಸಿನಿಮಾ ಲ್ಯಾಬಿನಲ್ಲಿ ಬೇರೆಯವರ ರೀಲು ಒರೆಸಿದರು. ಮಿಕ್ಕ ಹೊತ್ತಿನಲ್ಲಿ ತಮ್ಮದೇ ಸಿನಿಮಾ ಮಾಡುತ್ತಿದ್ದರು. ಅದರಲ್ಲಿ ಹೀರೋ ಇಲ್ಲ, ಹಾಡಿಲ್ಲ. ಒಂದರಲ್ಲಂತೂ ನಮ್ಮ ಬಚ್ಚಲಿನ ನಲ್ಲಿ ಒಂಬತ್ತು ನಿಮಿಷ ತೊಟ್ಟಿಕ್ಕುತ್ತದೆ, ಅಷ್ಟೆ.

"ವಾಷರ್ ಹಾಕ್ಸೋದ್ ಬಿಟ್ಟು ಸಿನಿಮಾ ತೆಗ್ದವ್ರೆ ನಿನ್ ಯಜಮಾನ್ರು!" ಎಂದು ಪಕ್ಕದ ಮನೆಯ ತಿಮ್ಮಕ್ಕ ಬಿದ್ದು ಬಿದ್ದು ನಕ್ಕಿದ್ದಳು.

ಕೊನೆಯ ನಾಲ್ಕು ವರ್ಷ ಅವರಿಗೆ ಕ್ಯಾಮೆರಾ ಹೊರಲು ಆಗಲಿಲ್ಲ. ಕಿಟಕಿಯ ಬಳಿ ಭೂತಗನ್ನಡಿ ಇಟ್ಟುಕೊಂಡು ಒಂದೇ ರೀಲಿನ ಮೇಲೆ ಬಗ್ಗಿ ಕೂತಿರುತ್ತಿದ್ದರು. ಏನು ಕಥೆ ಎಂದು ಕೇಳಿದರೆ, "ಕಥೆ ಇಲ್ಲ ಕಣೇ. ಮುಗೀಲಿ, ಮೊದ್ಲು ನಿಂಗೇ ತೋರಿಸ್ತೀನಿ" ಎನ್ನುತ್ತಿದ್ದರು. ಹೋದ ಮಾಘದಲ್ಲಿ ತೀರಿಕೊಂಡರು.

ಹನ್ನೊಂದನೇ ದಿನ ಸೂತಕ ಕಳೆಯಲು ಮನೆಯಲ್ಲಿದ್ದುದನ್ನೆಲ್ಲ ತೊಳೆದೆವು. ಕಿಟಕಿಯ ಬಳಿಯ ರೀಲು ಬಿಚ್ಚಿದರೆ ಉದ್ದಕ್ಕೂ ಮಸಿ, ಹಳದಿ, ಅಂಟು. ಕಾಯಿಲೆಯಲ್ಲಿ ಒರೆಸಲಾಗದೆ ಬೂಷ್ಟು ಹಿಡಿದಿದೆ ಎಂದುಕೊಂಡೆ. ಅವರು ಒರೆಸುತ್ತಿದ್ದ ಹಾಗೆಯೇ, ಮೆತ್ತನೆ ಬಟ್ಟೆ ತೆಗೆದುಕೊಂಡು, ಸೋಪುಪುಡಿಯ ನೀರಿನಲ್ಲಿ ಅದ್ದಿ, ಒಂದು ಗೇಣೂ ಬಿಡದೆ ಒರೆಸಿ, ತಾರಸಿಯ ತಂತಿಗೆ ಹರವಿದೆ. ಬೆಳಿಗ್ಗೆ ಕೂತವಳು ಏಳುವಾಗ ಮಧ್ಯಾಹ್ನವಾಗಿತ್ತು.

ಯುಗಾದಿ ಕಳೆದ ಮೇಲೆ ಶ್ವೇತ ಬಂದಳು. ಅವರ ನೆನಪಿಗೆ ಸಾಕ್ಷ್ಯಚಿತ್ರ ಮಾಡುತ್ತಿರುವ ಹುಡುಗಿ.

"ಅಜ್ಜಿ, ಖಾಲಿ ರೀಲಿನ ಮೇಲೆ ಅರಿಶಿನ, ಕುಂಕುಮ, ದೀಪದ ಮಸೀಲಿ ಚಿತ್ರ ಬರೀತಿದೀನಿ ಅಂತ ಅಜ್ಜ ಫೋನಲ್ಲಿ ಹೇಳಿದ್ರು. ಅದು ಬೇಕೇ ಬೇಕು. ಅದ್ರಿಂದ್ಲೇ ನನ್ ಸಿನಿಮಾ ಮುಗಿಯೋದು."

ಆಗಲೇ ನನಗೆ ತಿಳಿದದ್ದು.

"ಹುಡುಕ್ತೀನಿ ಕಣಮ್ಮ" ಎಂದೆ. ಎರಡು ಸಲ ಹಾಗೇ ಹೇಳಿ ಕಳಿಸಿದೆ. ಮೂರನೇ ಸಲ ಅವಳು ಕ್ಯಾಮೆರಾ ಹೂಡಿ ಎದುರಿಗೆ ಕೂತಾಗ ನಡೆದದ್ದನ್ನು ನಡೆದ ಹಾಗೆ ಹೇಳಿಬಿಟ್ಟೆ.

ಶ್ವೇತ ಎದ್ದು ಹೋಗಿ ಗೋಡೆಗೆ ಮುಖ ಮಾಡಿ ನಿಂತಳು. ಬೈಯುತ್ತಾಳೆ ಎಂದುಕೊಂಡೆ. ಬೈಯಲಿಲ್ಲ.

"ನೀರು ಯಾವ ಬಣ್ಣ ಇತ್ತಜ್ಜಿ?"

"ಮೊದ್ಲ ಬಕೆಟ್ಟು ಹಳದಿ. ಎರಡ್ನೇದು ಕಪ್ಪು. ಮೂರ್ನೇದ್ರಲ್ಲಿ ಒಂಚೂರು ಕೆಂಪು. ನಾಲ್ಕನೇದು ತಿಳಿಯಾಗಿತ್ತು. ಎಲ್ಲಾನೂ ಕರಿಬೇವಿನ ಗಿಡಕ್ಕೆ ಸುರ್ದೆ."

ಅವರ ಹಳೆಯ ಪ್ರೊಜೆಕ್ಟರಿಗೆ ರೀಲು ಏರಿಸಿದಳು. ಗೋಡೆಯ ಮೇಲೆ ಬರೀ ಬಿಳಿ ಬೆಳಕು.

"ನಿಲ್ಲಿಸ್ಲಾ ಅಜ್ಜಿ?"

"ಬೇಡ. ಮೊದ್ಲು ನಂಗೇ ತೋರಿಸ್ತೀನಿ ಅಂದಿದ್ರು."

ಹನ್ನೊಂದು ನಿಮಿಷ ಇತ್ತು. ಪೂರ್ತಿ ನೋಡಿದೆ. ಎಲ್ಲೂ ಒಂದು ಕಲೆಯೂ ಉಳಿದಿರಲಿಲ್ಲ. ಅಷ್ಟು ಚೆನ್ನಾಗಿ ಒರೆಸಿದ್ದೆ.