ಮೇಣ ಬಳಿದ ಡಬ್ಬಗಳು

ನಾಗಸಂದ್ರದ ಟೆಂಟ್ ಸಿನಿಮಾ ಮುಚ್ಚಿದಾಗ, ಆಪರೇಟರುಗಳಾಗಿದ್ದ ಸೊಣ್ಣಪ್ಪ ಮತ್ತು ನಲ್ಲಪ್ಪ ಅಲ್ಲಿ ಉಳಿದಿದ್ದ, ಪೀಣ್ಯದ ಕುರಿತ ಹಳೆಯ ಸುದ್ದಿಚಿತ್ರದ ರೀಲುಗಳನ್ನು ಹಂಚಿಕೊಂಡರು. ನಲ್ಲಪ್ಪ ವರ್ಷಕ್ಕೊಮ್ಮೆ ತನ್ನ ರೀಲು ಬಿಚ್ಚಿ ನೆರಳಿನಲ್ಲಿ ಗಾಳಿಗಿಡುತ್ತಿದ್ದ. ಅವನ ಕಣ್ಣು ಬಿದ್ದೀತೆಂದು ಸೊಣ್ಣಪ್ಪ ತನ್ನ ಡಬ್ಬಗಳಿಗೆ ಮೇಣ ಬಳಿದು ಬಿಗಿದಿಟ್ಟ.

೧೯೮೩ರಲ್ಲಿ ಹೊಸ ಚಿತ್ರಕ್ಕಾಗಿ ಹಳೆಯ ದೃಶ್ಯ ಹುಡುಕುತ್ತ ನಿರ್ದೇಶಕರೊಬ್ಬರು ನಲ್ಲಪ್ಪನ ಮನೆಗೆ ಬಂದರು. ತೆರೆಯ ಮೇಲೆ ಅವನ ಹೆಸರು ಹಾಕುತ್ತಾರೆಂದು ಕೇಳಿ ಸೊಣ್ಣಪ್ಪನ ಹೊಟ್ಟೆ ಉರಿಯಿತು.

“ಅವನತ್ರ ಏನೈತೆ ಸಾರ್? ಒಳ್ಳೇ ಮಾಲೆಲ್ಲ ನನ್ನತ್ರ ಐತೆ!” ಎಂದು ಇಬ್ಬರನ್ನೂ ತನ್ನ ಮನೆಗೆ ಕರೆತಂದು ಮೇಣ ಕಿತ್ತ. ಹುಳಿ ವಾಸನೆ ಮೂಗಿಗೆ ಹೊಡೆಯಿತು. ಗಾಳಿಯಿಲ್ಲದೆ ರೀಲು ಬೆಲ್ಲದಂತೆ ಅಂಟಿಕೊಂಡಿತ್ತು.

“ಗಾಳಿಗಿಡ್ಬೇಕು ಅಂತ ಗೊತ್ತಿದ್ರೂ ಯಾಕೋ ಏಳ್ಲಿಲ್ಲ?” ಎಂದು ನಲ್ಲಪ್ಪನ ಮೇಲೆ ರೇಗಿದ.

“ಏಳೋಕ್ ಬಂದ್ರೆ ಬಾಗ್ಲು ಆಕ್ಕೊಂಡ್ಯಲ್ಲಣ್ಣ!”

ಚಿತ್ರ ಬಂತು. ತೆರೆಯ ಮೇಲೆ ನಲ್ಲಪ್ಪನ ಹೆಸರು ಮೂಡುವಷ್ಟರಲ್ಲಿ ಸೊಣ್ಣಪ್ಪ ಬೀಡಿ ಸೇದಲು ಎದ್ದು ಹೋಗಿದ್ದ.